ಕಾವುಗಂಟಿಯ ಮನೆಯಲ್ಲಿ ಕಾವಿಲ್ಲ

ಬೆಳಕು ಹರಿಯುವ ಮುಂಚೆಯೇ ಅಪ್ಪಾಜಪ್ಪ ತಾಯಲೂರು ಕೆರೆಯ ಏರಿಯ ಕೆಳಗೆ ಚಪ್ಪಲಿ ಕಳಚಿಡುತ್ತಾರೆ. ಕೆರೆ ತುಂಬ ಮಂಜುಗಡ್ಡೆ. ಅದರ ಮೇಲೆ ಜನ ಎತ್ತಿನ ಗಾಡಿ ಹೊಡೆದುಕೊಂಡು ಹೋಗುತ್ತಾರೆ. ಇವರು ಮಾತ್ರ ತೂಬಿನ ಬಾಯಲ್ಲಿ ಬರಿಗಾಲೂರಿ, ಕಣ್ಣು ಮುಚ್ಚಿ ನಿಲ್ಲುತ್ತಾರೆ. ಪತ್ರಿಕೆಗೆ ಬರೆಯಲೆಂದು ಬಂದು ನೋಡುತ್ತಿರುವ ನನಗೇ ಪಾದ ಜೋಮು ಹಿಡಿಯುತ್ತದೆ. ಸ್ವಲ್ಪ ಹೊತ್ತಿಗೆ ಅವರ ಅಂಗಾಲಿನ ಸುತ್ತ ಹಿಮ ಬೆವರತೊಡಗುತ್ತದೆ.

“ಬಂತು ಸಾರ್,” ಎನ್ನುತ್ತಾರೆ, ಹೊತ್ತಿಗೆ ಸರಿಯಾಗಿ ಬಸ್ಸು ಬಂತೆನ್ನುವವರ ಹಾಗೆ.

ಬೆಂಕಿಯಿಲ್ಲ, ಹೊಗೆಯಿಲ್ಲ, ಕಣ್ಣಿಗೆ ಏನೂ ಕಾಣುವುದಿಲ್ಲ. ಆದರೂ ಕಾವು ನೀರಿನಂತೆಯೇ ತೂಬಿನಿಂದಿಳಿದು ಕಾಲುವೆ ಹಿಡಿಯುತ್ತದೆ. ಹರಿದ ಕಡೆಯೆಲ್ಲ ಹಿಮ ಕರಗಿ ಕೆಂಪು ಮಣ್ಣು ತೆರೆದುಕೊಳ್ಳುತ್ತದೆ. ಅಪ್ಪಾಜಪ್ಪ ಅದರ ಮುಂದೆ ಮುಂದೆ ಓಡುತ್ತ, ಕಾಲುವೆ ಕವಲೊಡೆಯುವಲ್ಲಿ ಚಪ್ಪಡಿಕಲ್ಲು ಸರಿಸುತ್ತಾರೆ. ಇವತ್ತಿನ ಮೊದಲ ಸರದಿ ಶ್ಯಾಮಲಮ್ಮನವರ ಮನೆಗೆ. ಅವರ ಮಗಳು ಹೆತ್ತು ಮಲಗಿದ್ದಾಳೆ. ಬಾಣಂತಿ ಇರುವ ಮನೆಗೆ ಮೊದಲ ಕಾವು, ಆಮೇಲೆ ಉಳಿದ ಮನೆಗಳು, ಕಡೆಗೆ ರಾಗಿ ಹೊಲ, ಹಿಪ್ಪುನೇರಳೆ ತೋಟ. ಮಧ್ಯಾಹ್ನಕ್ಕೆಲ್ಲ ತೂಬು ತಣ್ಣಗಾಗುತ್ತದೆ. ಅಷ್ಟರೊಳಗೆ ಊರಿಗೆಲ್ಲ ಹಂಚಿ ಮುಗಿಸಬೇಕು.

ಎಪ್ಪತ್ತನಾಲ್ಕರಲ್ಲಿ ಬಂದ ಚಳಿಗಾಲ ನಮ್ಮ ಸೀಮೆ ಬಿಟ್ಟು ಹೋಗಲೇ ಇಲ್ಲ. ಮಾಲೂರಿನ ಇಟ್ಟಿಗೆ ಗೂಡುಗಳು ಆರಿ ವರ್ಷಗಳಾದವು. ಕೋಲಾರದಿಂದ ಹೊರಡುವ ಬಸ್ಸುಗಳ ಚಕ್ರಕ್ಕೆ ಸರಪಳಿ ಸುತ್ತಿರುತ್ತಾರೆ. ಸುಡಲು ಸೌದೆ ಉಳಿದಿಲ್ಲ. ಹಿಮ ಬಿದ್ದ ಮರುವರ್ಷ ಈ ತೂಬಿನಲ್ಲಿ ಕಾವು ಹುಟ್ಟಿತು. ಯಾಕೆಂದು ಯಾರಿಗೂ ತಿಳಿಯದು. ಕೋಲಾರದಿಂದ ಸಾಹೇಬರು ಬಂದರು, ಮಂಡಿ ಮಟ್ಟದ ಬೂಟು ಹಾಕಿಕೊಂಡು ಏನೇನೋ ಅಳೆದರು, ಕಾಫಿ ಕುಡಿದರು, ಹೋದರು.

ಅಪ್ಪಾಜಪ್ಪನವರದು ನೀರುಗಂಟಿಯ ವಂಶ. ತೂಬು ತೆಗೆದು ಹೊಲಹೊಲಕ್ಕೆ ನೀರು ಹಂಚುವುದು ತಾತನ ಕಾಲದ ಕೆಲಸ. ನೀರು ಹೋಗಿ ಕಾವು ಬಂದಾಗ ಊರು ಅವರನ್ನೇ ಕಾವುಗಂಟಿ ಮಾಡಿತು. ಸುಗ್ಗಿಯಲ್ಲಿ ಪ್ರತಿ ಕಣದಿಂದಲೂ ಒಂದಿಷ್ಟು ರಾಗಿ ಕೊಡುತ್ತಾರೆ. ಹಳೆಯ ಕಟ್ಟಳೆಯೊಂದನ್ನೂ ಹಾಗೇ ಉಳಿಸಿಕೊಂಡರು: ಹಂಚುವವನಿಗೆ ಕೆರೆಯ ಕೆಳಗೆ ಪಾಲಿರಬಾರದು. ಇದ್ದರೆ ಕೈ ತನ್ನ ಕಡೆಗೇ ವಾಲೀತು. ಹೊಲಕ್ಕಿದ್ದ ಈ ಕಟ್ಟಳೆ ಮನೆಗೂ ಬಂದು ಕೂತಿತು. ಊರಾಚೆಯ ಅವರ ಮನೆಗೆ ಕಾಲುವೆಯೇ ಇಲ್ಲ.

ಬಡಿಸುವವನು ನಮ್ಮವನಾದರೆ ಕಡೇ ಪಂಕ್ತಿಯಲ್ಲಿ ಕೂತರೇನು ಎನ್ನುತ್ತಾರೆ. ಇಲ್ಲಿ ಬಡಿಸುವವನಿಗೆ ಎಲೆಯನ್ನೇ ಹಾಕಿಲ್ಲ.

ಊರ ಹಿರಿಯರಾದ ವೆಂಕಟರಾಯಪ್ಪ ಬನಿಯನ್ನಿನಲ್ಲಿ ಜಗಲಿಯ ಮೇಲೆ ಕೂತಿದ್ದಾರೆ. ನಾನು ಸ್ವೆಟರ್ ಬಿಚ್ಚಬೇಕಾಗುವಷ್ಟು ಜಗಲಿ ಬೆಚ್ಚಗಿದೆ. “ನಮ್ಮ ಅಪ್ಪಾಜಿ ದೇವರಂಥೋನು ಸಾರ್. ಒಂದು ದಿನಾನೂ ಮೋಸ ಮಾಡಿಲ್ಲ,” ಎನ್ನುತ್ತಾರೆ. ಹಾಗಾದರೆ ಅವರ ಮನೆಗೂ ಒಂದು ಸರದಿ ಕೊಡಬಹುದಲ್ಲ ಎಂದೆ.

“ಅಯ್ಯೋ, ಹಂಚೋನೇ ಉಣ್ಣಾಕೆ ಕೂತ್ರೆ ಕಾವು ನಿಲ್ತದಾ? ಹೊಂಟೋಯ್ತದೆ. ಹಿರೀಕರು ಹೇಳವ್ರೆ.”

ಕಾವು ಹುಟ್ಟಿದ್ದೇ ಎಂಟು ವರ್ಷದ ಕೆಳಗೆ. ಅದರ ಬಗ್ಗೆ ಹೇಳಿಹೋದ ಹಿರೀಕರು ಯಾರೋ, ನನಗಂತೂ ತಿಳಿಯಲಿಲ್ಲ.

ಅಪ್ಪಾಜಪ್ಪನವರ ಮನೆಯಲ್ಲಿ ಹೆಂಡತಿ ದೊಡ್ಡಗಂಗಮ್ಮ ಬಿಂದಿಗೆಯೊಳಗೆ ಹೆಪ್ಪುಗಟ್ಟಿದ ನೀರಿನ ಗಡ್ಡೆಯನ್ನು ಒನಕೆಯಿಂದ ಒಡೆಯುತ್ತಿದ್ದಾರೆ. ಕಂಬಳಿ ಹೊದ್ದೇ ಮುದ್ದೆ ತಿನ್ನುತ್ತೇವೆ. ಅದೂ ಶ್ಯಾಮಲಮ್ಮನವರ ಮನೆಯ ಮುಂದಿನ ಬಿಸಿ ಮಣ್ಣಿನಲ್ಲಿ ಗಡಿಗೆ ಹೂತು ಬೇಯಿಸಿ ತಂದದ್ದು.

ಅವರಿಗೆ ಒಬ್ಬಳೇ ಮಗಳು, ಆದಿಲಕ್ಷ್ಮಿ. ಕೊಟ್ಟಿರುವುದು ಶ್ರೀನಿವಾಸಪುರದ ಕಡೆಗೆ, ಕಾವಿಲ್ಲದ ಊರಿಗೆ. ಮೂರು ವರ್ಷದ ಕೆಳಗೆ ಚೊಚ್ಚಲ ಬಸುರಿಯಾದಾಗ ಹೆರಿಗೆಗೆ ತವರಿಗೆ ಕರೆತರಬೇಕಿತ್ತು. ಅಪ್ಪಾಜಪ್ಪ ಊರವರನ್ನು ಕೇಳಿದರು: ಬಾಣಂತನ ಮುಗಿಯುವವರೆಗೆ ನಮ್ಮನೆಗೂ ಒಂದು ಸರದಿ ಕೊಡಿ. ಸಂಕ್ರಾಂತಿ ಕಳೀಲಿ, ಕೂತು ಮಾತಾಡೋಣ ಎಂದರು. ಸಂಕ್ರಾಂತಿಗೆ ಮುಂಚೆಯೇ ಅವಳು ಗಂಡನ ಮನೆಯಲ್ಲಿ ಹೆತ್ತಳು.

“ಹೆಣ್ಣು ಮಗೀನೇ. ಕೈಕಾಲೆಲ್ಲ ನೀಲಿಗಟ್ಟಿತ್ತಂತೆ,” ಎಂದರು ದೊಡ್ಡಗಂಗಮ್ಮ. “ನಾನು ಹೋಗಾ ಹೊತ್ಗೆ ಮಣ್ಣು ಮಾಡಿದ್ರು.” ಆಮೇಲೆ ಕೈಗಳನ್ನು ಸೆರಗಿನೊಳಗೆ ಮುಚ್ಚಿಕೊಂಡು, ಒಲೆಯಿಲ್ಲದ ಮೂಲೆಯ ಕಡೆ ನೋಡುತ್ತ ತೆಲುಗಿನಲ್ಲಿ, “ಎವರಿಕಿ ಚೆಪ್ಪುಕುನೇದಿ,” ಎಂದರು. ಯಾರ ಹತ್ತಿರ ಹೇಳಿಕೊಳ್ಳೋದು.

ಆ ಮಗು ಹೋದ ಬೆಳಗ್ಗೆ ಮೊದಲ ಕಾವು ಯಾರ ಮನೆಗೆ ಬಿಟ್ಟಿರಿ ಎಂದು ಅಪ್ಪಾಜಪ್ಪನವರನ್ನು ಕೇಳಿದೆ. ಕೇಳಬಾರದಿತ್ತೇನೋ.

“ವೆಂಕಟರಾಯಪ್ಪನೋರ ಮನೇಗೆ. ಅವರ ಮಗಳು ಬಾಣಂತಿ ಆಗಿದ್ಳು. ಅವಳ ಮಗ ಈಗ ಕೆರೆ ಮೇಲೆ ಜಾರ್ಕೊಂಡು ಆಡ್ತಾನೆ. ಚೆನ್ನಾಗವ್ನೆ.”

ಅವರ ದನಿಯಲ್ಲಿ ಸಿಟ್ಟಿರಲಿಲ್ಲ. ಸದ್ದಿಲ್ಲದೆ ಮನೆಗೊಂದು ಕವಲು ಕಡಿದು, ಬೆಳಕು ಹರಿಯುವ ಮುಂಚೆ ಒಂದು ಕಲ್ಲು ಸರಿಸಿದ್ದರೆ ಯಾರಿಗೆ ಗೊತ್ತಾಗುತ್ತಿತ್ತು ಎಂದೆ.

“ಕದ್ದು ಮಾಡಿದ್ರೆ ನಾನು ಕಳ್ಳ ಆಯ್ತೀನಿ ಸಾರ್. ನಮ್ಮಪ್ಪ ಕಳ್ಳ ಅನ್ನಿಸ್ಕೊಂಡಿರಲಿಲ್ಲ.”

ಎದ್ದು ನನ್ನನ್ನು ಹಿತ್ತಿಲಿಗೆ ಕರೆದೊಯ್ಯುತ್ತಾರೆ. ಅಲ್ಲಿ ಉದ್ದಕ್ಕೆ ರಾಗಿಹುಲ್ಲು ಹಾಸಿದೆ. ಕಾಲಿನಿಂದ ಸರಿಸಿದರೆ ಕೆಳಗೆ ಕಾಲುವೆ, ಗಡ್ಡೆ ಕಡಿದು ತೆಗೆದದ್ದು. ಹಿಮ ತುಂಬಿಕೊಳ್ಳದಿರಲೆಂದು ಹುಲ್ಲು ಮುಚ್ಚಿದ್ದಾರೆ. ಗಂಡ ಹೆಂಡತಿ ಇಬ್ಬರೇ ಹಾರೆ ಹಿಡಿದು ಕಡಿದಿದ್ದಾರೆ. ಮನೆಯ ಹೊಸ್ತಿಲಿನಿಂದ ಹೊರಟ ಅದು ಊರಿನ ಕೊನೆಯ ಕಾಲುವೆಯ ಹತ್ತಿರದವರೆಗೂ ಹೋಗಿದೆ. ನಡುವೆ ಒಂದು ಗೇಣು ಗಡ್ಡೆ ಉಳಿದಿದೆ, ಅಷ್ಟೆ. ದೊಡ್ಡಗಂಗಮ್ಮ ಸೆರಗಿನೊಳಗೆ ಕೈ ಯಾಕೆ ಮುಚ್ಚಿಕೊಂಡಿದ್ದರೆಂದು ಆಗ ತಿಳಿಯಿತು.

“ಮಗಳು ಮತ್ತೆ ತುಂಬಿದ ಬಸುರಿ. ಬರೋ ಸೋಮಾರ ಕರ್ಕೊಂಡು ಬತ್ತೀನಿ. ಅವಳು ಹೆತ್ತ ದಿನ ಹಾಡುಹಗಲಲ್ಲೇ, ಎಲ್ರ ಮುಂದೇನೇ ಕಲ್ಲು ಸರಿಸ್ತೀನಿ. ಬಾಣಂತಿ ಮನೇಗೆ ಮೊದಲ ಸರದಿ, ಊರಿನ ಕಟ್ಟಳೇನೇ ಅಲ್ವಾ?”

ಇದನ್ನು ಬರೆಯಲೋ ಬಿಡಲೋ ಎಂದೆ.

“ಬರ್ಕಳಿ. ಪೇಪರ್‌ನಾಗೆ ಬಂದ್‌ಮ್ಯಾಲೆ ಅದು ಕಳ್ಳತನ ಹೆಂಗಾಯ್ತದೆ?”

ಅವರು ಹುಲ್ಲನ್ನು ಮತ್ತೆ ಕಾಲುವೆಗೆ ಎಳೆದು ಮುಚ್ಚುತ್ತಾರೆ. ಊರವರು ಹೇಳುವಂತೆ ಕಾವು ನಿಜವಾಗಿ ಹೊರಟುಹೋದರೆ ಏನು ಮಾಡುತ್ತೀರಿ ಎಂದು ಕೇಳಿದೆ. ಅಪ್ಪಾಜಪ್ಪ ಬೆನ್ನು ನೆಟ್ಟಗೆ ಮಾಡಿ, ದೂರದಲ್ಲಿ ಬೆಚ್ಚಗೆ ಹಬೆಯಾಡುತ್ತಿದ್ದ ಊರಿನ ಸೂರುಗಳನ್ನು ನೋಡಿದರು.

“ಹೋದ್ರೆ ಹೋಗ್ಲಿ ಸಾರ್. ಅವತ್ತಿಂದ ಊರೋರಿಗೂ ನಮಗೂ ಒಂದೇ ಚಳಿ.”