ಬಂಡೆಯ ಹಿಂದೆ ಚೆಲ್ಲಿದ ನೀರು

ಗವಿಸಿದ್ದಪ್ಪ ಮೇಷ್ಟ್ರು ಹುಟ್ಟಿದ್ದು ಜೂನ್ ಒಂದನೇ ತಾರೀಖು. ಅವರ ತಲೆಮಾರಿನಲ್ಲಿ ನಮ್ಮ ಕಡೆಯ ಅರ್ಧ ಜನ ಹುಟ್ಟಿದ್ದು ಅವತ್ತೇ. ಶಾಲೆಗೆ ಸೇರಿಸಲು ಕರೆದುಕೊಂಡು ಹೋದ ದಿನ ಹೆಡ್‌ಮಾಸ್ತರರು ಹುಡುಗನನ್ನು ಮೇಲಿಂದ ಕೆಳಗೆ ನೋಡಿ ಒಂದು ವರ್ಷ ಬರೆಯುತ್ತಿದ್ದರು, ತಾರೀಖಿನ ಜಾಗದಲ್ಲಿ ಎಲ್ಲರಿಗೂ ಜೂನ್ ಒಂದು. ಮೇಷ್ಟ್ರ ತಾಯಿ ಮಾತ್ರ ಸಾಯುವತನಕ, “ನನ್ನ ಮಗ ಶ್ರಾವಣದಾಗ ಹುಟ್ಯಾನ, ನಮ್ಮೂರು ದೇಶನೂರಾಗ ಭತ್ತದ ನಾಟಿ ನಡದಿತ್ತು” ಅನ್ನುತ್ತಿದ್ದರು. ಅದನ್ನು ಯಾರೂ ಬರೆದುಕೊಳ್ಳಲಿಲ್ಲ.

ಇದರಿಂದ ಮೇಷ್ಟ್ರಿಗೆ ಐವತ್ತೇಳು ವರ್ಷ ಏನೂ ನಷ್ಟವಾಗಿರಲಿಲ್ಲ. ನಷ್ಟ ಗೊತ್ತಾದದ್ದು ಹಿಮಾಲಯಕ್ಕೆ ಕರೆದೊಯ್ಯುವ ಚಾರಣ ಕಂಪನಿಯೊಂದರ ನಿಯಮಗಳನ್ನು ಓದಿದ ದಿನ. ಹದಿನಾಲ್ಕು ಸಾವಿರ ಅಡಿಯ ಶಿಖರಕ್ಕೆ ಹೋಗುವವರಿಗೆ ಐವತ್ತೆಂಟು ತುಂಬಿರಬಾರದು. ಆಧಾರ್ ಕಾರ್ಡಿನಲ್ಲಿ ಇದ್ದದ್ದೇ ವಯಸ್ಸು. ಮೇ ತಿಂಗಳ ಕೊನೆಯ ತಂಡ ಬೆಟ್ಟ ಇಳಿಯುವುದು ಇಪ್ಪತ್ತೈದಕ್ಕೆ. ಅದಾದ ವಾರಕ್ಕೆ ಜೂನ್ ಒಂದು.

“ಅಂದ್ರ ಇದೇ ಕಡೀದು,” ಎಂದರು ಮೇಷ್ಟ್ರು.

“ಮೊದಲ್ನೇದೂ ಇದೇ ಅಲ್ರಿ,” ಎಂದರು ಅವರ ಹೆಂಡತಿ ಕೊಟ್ರಮ್ಮ.

ಮೇಷ್ಟ್ರ ಮನೆ ಬಳ್ಳಾರಿಯ ಪಾರ್ವತಿನಗರದಲ್ಲಿ. ನೌಕರಿ ಕುರುಗೋಡಿನ ಪ್ರೌಢಶಾಲೆಯಲ್ಲಿ, ಡ್ರಿಲ್ ಮೇಷ್ಟ್ರಾಗಿ, ಮೂವತ್ತೊಂದು ವರ್ಷ. ಬೆಳಿಗ್ಗೆ ನಾಲ್ಕೂವರೆಗೆ ತಣ್ಣೀರು ಸ್ನಾನ, ಲಿಂಗಪೂಜೆ, ಆಮೇಲೆ ಒಂದು ತಂಬಿಗೆ ನೀರು. ಪೂಜೆಗೆ ಮೊದಲು ಹನಿ ನೀರೂ ಬಾಯಿಗೆ ಹೋಗುವಂತಿಲ್ಲ. ಇದು ಅವರ ಅಪ್ಪನಿಂದ ಬಂದ ನೇಮ. ಅಪ್ಪ ಅದನ್ನು ಯಾರಿಗೂ ಹೇಳದೆ ಪಾಲಿಸಿದರು. ಮೇಷ್ಟ್ರು ಎಲ್ಲರಿಗೂ ಹೇಳಿ ಪಾಲಿಸುತ್ತಾರೆ. ಪೂಜೆಯ ನಂತರ ಕೋಟೆ ಗುಡ್ಡ ಹತ್ತಿ ಇಳಿದು, ಕೊರಳಲ್ಲಿ ಸೀಟಿ ಹಾಕಿಕೊಂಡು ಕುರುಗೋಡು ಬಸ್ಸು. ಬಸ್ಸಿನಲ್ಲಿ ಸೀಟಿ ಯಾಕೆ ಎಂದು ಕಂಡಕ್ಟರುಗಳು ಕೇಳುವುದನ್ನು ಬಿಟ್ಟು ಎಷ್ಟೋ ವರ್ಷವಾಯಿತು.

ಈ ಮೂವತ್ತೊಂದು ವರ್ಷಗಳಲ್ಲಿ ಅವರ ಹುಡುಗರು ತಾಲೂಕು ಮಟ್ಟದಲ್ಲಿ ಓಡಿ ಗೆದ್ದರು, ಜಿಲ್ಲಾ ಮಟ್ಟದಲ್ಲಿ ಓಡಿ ಸೋತರು. ರಾಜ್ಯಮಟ್ಟಕ್ಕೆ ಒಬ್ಬನೂ ಹೋಗಲಿಲ್ಲ. ಸೋತವರಿಗೆ ‘ಭಾಗವಹಿಸಿದ್ದಾರೆ’ ಎಂಬ ಪ್ರಮಾಣಪತ್ರ ಸಿಗುತ್ತದೆ. ಅದರಲ್ಲಿ ಹೆಸರು ಬರೆಯುವ ಕೆಲಸ ಮೇಷ್ಟ್ರದು, ಅಕ್ಷರ ದುಂಡಗಿರುವುದರಿಂದ. ಒಂದು ಸಲವಾದರೂ ತಾನು ಪೂರ್ತಿ ಮೇಲಕ್ಕೆ ಹೋಗಿ ನಿಲ್ಲಬೇಕು ಎಂದು ಅವರಿಗೆ ಅನ್ನಿಸಿದ್ದರಲ್ಲಿ ತಪ್ಪೇನೂ ಇರಲಿಲ್ಲ. ಅದನ್ನು ಬೇಸಿಗೆ ರಜೆಗೆ ಮುಂಚಿನ ಕೊನೆಯ ದಿನದ ಪ್ರಾರ್ಥನೆಯಲ್ಲಿ ಮೈಕಿನಲ್ಲಿ ಹೇಳಬಾರದಿತ್ತು, ಅಷ್ಟೆ. ಶಾಲೆಯ ಬಾವುಟವನ್ನು ಮಡಚಿ ಬ್ಯಾಗಿಗೆ ಹಾಕಿಕೊಂಡದ್ದೂ ಆಯಿತು.

ಜೊತೆಗೆ ಹೊರಟವನು ಹಂಪೇಶ್. ಸಿರುಗುಪ್ಪದಲ್ಲಿ ಅಕ್ಕಿ ಗಿರಣಿ ನಡೆಸುವ ಇವನಿಗೆ ನಲವತ್ತೆರಡು ವರ್ಷ. ದಿನಾ ಬೆಳಿಗ್ಗೆ ಮಂಡಕ್ಕಿ ಒಗ್ಗರಣಿ, ಮಿರ್ಚಿ ತಿಂದೇ ಗಿರಣಿಯ ಬಾಗಿಲು ತೆಗೆಯುವ ದೇಹ. ಡಾಕ್ಟರು ನಡೆಯಲು ಹೇಳಿದ್ದರು, ಹೆಂಡತಿ ಶೀಲಾ ಹಿಮಾಲಯಕ್ಕೇ ಹೆಸರು ಬರೆಸಿಬಿಟ್ಟಳು. ಇವನು ಕುರುಗೋಡಿನ ಹಾಸ್ಟೆಲಿನಲ್ಲಿದ್ದು ಮೇಷ್ಟ್ರ ಕೈಯಲ್ಲಿ ಕಲಿತವನು. ಮೈದಾನ ನಾಲ್ಕು ಸುತ್ತು ಓಡಿ ಎಂದರೆ ಎರಡು ಸುತ್ತು ಬೇವಿನ ಮರದ ಹಿಂದೆ ಕೂತು ಕಳೆದು, ಕೊನೆಗೆ ಮುಖಕ್ಕೆ ನೀರು ಚಿಮುಕಿಸಿಕೊಂಡು ಬೆವರು ಎಂದು ತೋರಿಸುತ್ತಿದ್ದ. ಒಂದು ದಿನ ಮೇಷ್ಟ್ರು ಮರದ ಹಿಂದೆ ಮೊದಲೇ ಹೋಗಿ ಕೂತಿದ್ದರು. ಆ ದಿನ ತಿಂದ ಬೆತ್ತದ ಏಟು ಹಂಪೇಶನಿಗೆ ಇನ್ನೂ ಲೆಕ್ಕವಿದೆ.

ಕಂಪನಿಯವರು ಐದು ಕಿಲೋಮೀಟರು ಓಡಿ, ಫೋನಿನಲ್ಲಿ ದಾಖಲಾದ ಲೆಕ್ಕ ಕಳಿಸಬೇಕು ಎಂದರು. ಮೇಷ್ಟ್ರು ಮೂವತ್ತೊಂದು ನಿಮಿಷದಲ್ಲಿ ಓಡಿದರು. ಹಂಪೇಶ್ ಅದೇ ದೂರಕ್ಕೆ ಎಷ್ಟು ಹೊತ್ತು ತೆಗೆದುಕೊಂಡ ಎಂಬುದು ಅವನಿಗೂ ಅವನ ಗಿರಣಿಯ ಭೀಮರಾಜನಿಗೂ ಮಾತ್ರ ಗೊತ್ತು, ಓಡಿದ್ದು ಭೀಮರಾಜ.

“ಸರ್, ಅಲ್ಲಿ ಸ್ನಾನಕ್ಕ ಬಿಡೂದಿಲ್ಲಂತ್ರಿ,” ಎಂದ ಹಂಪೇಶ್, ಹೊರಡುವ ಮೊದಲು.

“ಬಿಡೂದಿಲ್ಲ ಅಂದ್ರ? ಗಂಗಾ ಹರಿಯೋ ಊರಾಗ ಸ್ನಾನ ಬ್ಯಾಡ ಅನ್ನಾಕ ಅವ್ರ್ಯಾರಲೇ?”

ಕೊಟ್ರಮ್ಮನಿಗೆ ಚಿಂತೆ ಹತ್ತಿತು. “ಮಠಕ್ಕ ಹೋಗಿ ಅಜ್ಜಾರನ್ನ ಒಂದ್ಮಾತು ಕೇಳಿ ಬರ್ರಿ. ಹಿಂಗಿಂಗ ಹೊಂಟೀನಿ, ಸ್ನಾನಕ್ಕ ತೊಂದ್ರಿ ಐತಿ, ಏನ್ಮಾಡ್ಲಿ ಅಂತ.”

“ಕೇಳೂದೇನೈತಿ? ನೇಮ ಅಂದ್ರ ನೇಮ.”

ಕೇಳಿದರೆ ಮಠದ ಸ್ವಾಮಿಗಳಾದ ಅಜ್ಜಾರು ಏನು ಹೇಳುತ್ತಾರೆಂದು ಮೇಷ್ಟ್ರಿಗೆ ಒಳಗೊಳಗೇ ಗೊತ್ತಿತ್ತು. ‘ಕುಡಿಯಪ್ಪ’ ಅಂದುಬಿಡುತ್ತಾರೆ. ಹಾಗಂದ ಮೇಲೆ ಹಿಮಾಲಯದಲ್ಲೂ ನೇಮ ಬಿಡಲಿಲ್ಲ ಎಂದು ಬಂದು ಹೇಳಿಕೊಳ್ಳಲು ಏನು ಉಳಿಯುತ್ತದೆ? ಮೇಷ್ಟ್ರು ಮಠದ ದಾರಿ ಹಿಡಿಯಲಿಲ್ಲ.

ಗುಂತಕಲ್ಲಿನಿಂದ ದಿಲ್ಲಿ ರೈಲು. ಬೆಳಗಿನ ಜಾವ ಬೋಗಿಯ ಪಾಯಿಖಾನೆಯಲ್ಲೇ ಮೇಷ್ಟ್ರ ಸ್ನಾನವಾಯಿತು. ಹೊರಗೆ ಕ್ಯೂ ನಿಂತ ಹನ್ನೊಂದು ಜನ ಹಿಂದಿಯಲ್ಲೂ ತೆಲುಗಿನಲ್ಲೂ ಅವರ ಕುಲವನ್ನು ಸ್ಮರಿಸಿದರು. ಬೆಟ್ಟದ ಬುಡದ ಹಳ್ಳಿಯಲ್ಲಿ ಎಂಟು ಡಿಗ್ರಿ. ನಲವತ್ತೆರಡು ಡಿಗ್ರಿಯ ಬಳ್ಳಾರಿಯಿಂದ ಹೋದವರು ಮೊದಲ ಅರ್ಧ ಗಂಟೆ ‘ಆಹಾ’ ಎಂದರು, ಆಮೇಲೆ ಇದ್ದ ಸ್ವೆಟರುಗಳನ್ನೆಲ್ಲ ಒಂದರ ಮೇಲೊಂದು ಹಾಕಿಕೊಂಡರು.

ಗೈಡು ಪ್ರೇಮ್ ಸಿಂಗ್ ಮೂವತ್ತರ ಹುಡುಗ, ಬಡಕಲು ಆಳು. ಮೇಷ್ಟ್ರಿಗೆ ನೋಡಿದ ಕೂಡಲೇ ಅವನ ಎದೆಯ ಸುತ್ತಳತೆ ಸಾಲದು ಅನ್ನಿಸಿತು. ಎಲ್ಲರನ್ನೂ ಕೂರಿಸಿ ಅವನು ಹೇಳಿದ್ದು ಇಷ್ಟು. ಮೇಲೆ ಹೋದಂತೆ ಗಾಳಿ ತೆಳುವಾಗುತ್ತದೆ. ತಲೆ ನೋಯುತ್ತದೆ, ಊಟ ಸೇರುವುದಿಲ್ಲ, ನಿದ್ದೆ ಬರುವುದಿಲ್ಲ. ಇದಕ್ಕೆ ಶಕ್ತಿವಂತ, ಅಶಕ್ತ ಎಂಬ ಭೇದವಿಲ್ಲ. ನಿಧಾನ ನಡೆಯಿರಿ, ಮುಚ್ಚಿಡಬೇಡಿ, ಎದ್ದ ಕೂಡಲೇ ಶುರುಮಾಡಿ ದಿನಕ್ಕೆ ನಾಲ್ಕು ಲೀಟರು ನೀರು ಕುಡಿಯಿರಿ. ಬೆಳಿಗ್ಗೆ ಸಂಜೆ ಬೆರಳಿಗೆ ಚಿಮಟದಂಥ ಯಂತ್ರ ಹಾಕಿ ರಕ್ತದ ಆಮ್ಲಜನಕ ನೋಡುತ್ತೇವೆ. ಎಪ್ಪತ್ತಕ್ಕಿಂತ ಕೆಳಗೆ ಬಂದು ತಲೆನೋವೂ ಇದ್ದರೆ ಆ ಮನುಷ್ಯ ಕೆಳಗೆ, ಅವನು ಯಾರೇ ಆಗಿರಲಿ. ಎರಡನೇ ಬಿಡಾರದಿಂದ ಮೇಲೆ ಸ್ನಾನ ಇಲ್ಲ. ಮೈ ತಣ್ಣಗಾದರೆ ಪ್ರಾಣಕ್ಕೇ ಅಪಾಯ.

ಮೊದಲ ಎರಡು ದಿನ ಮೇಷ್ಟ್ರು ಎಲ್ಲರಿಗಿಂತ ಮುಂದೆ. ಹಳ್ಳದಲ್ಲಿ ಮುಳುಗಿ, ಪೂಜೆ ಮಾಡಿ, ನೀರು ಕುಡಿದು, ಸೀಟಿ ಊದುತ್ತ ನಡೆದರು. ಹಿಂದೆ ಬಿದ್ದವರಿಗೆ “ಲೆಫ್ಟ್, ರೈಟ್” ಹೇಳಿದರು. ಪ್ರೇಮ್ ಸಿಂಗ್ ಕೈಮುಗಿದು ಸೀಟಿಯನ್ನು ಇಸಿದುಕೊಂಡು ಜೇಬಿಗೆ ಹಾಕಿಕೊಂಡ. ಬೆಟ್ಟದಲ್ಲಿ ಸೀಟಿ ಊದಿದರೆ ಯಾರೋ ಅಪಾಯದಲ್ಲಿದ್ದಾರೆ ಅಂತ ಅರ್ಥವಂತೆ. ಹಂಪೇಶ್ ಕೊನೆಯವನಾಗಿ, ಹತ್ತು ಹೆಜ್ಜೆಗೊಮ್ಮೆ ನಿಂತು, ನಿಂತಾಗಲೆಲ್ಲ ನೀರು ಕುಡಿಯುತ್ತ ಬಂದ.

ಮೂರನೇ ದಿನ ಸ್ನಾನವಿಲ್ಲ. ಡೇರೆಯ ಹೊರಗಿಟ್ಟ ಬಕೆಟ್ಟಿನ ನೀರು ಹೆಪ್ಪುಗಟ್ಟಿ ಹಲಗೆಯಾಗಿತ್ತು. ಮೇಷ್ಟ್ರು ಯೋಚಿಸಿ ಒಂದು ತೀರ್ಮಾನಕ್ಕೆ ಬಂದರು. ಮಧ್ಯಾಹ್ನ ಮುಂದಿನ ಬಿಡಾರ ತಲುಪಿದ ಮೇಲೆ ಅಡುಗೆಯವನಿಂದ ಒಂದು ಚೊಂಬು ಬಿಸಿನೀರು ಬೇಡಿ, ಮೈಗೆ ಹಾಕಿಕೊಂಡು, ಪೂಜೆ ಮಾಡಿ, ಆಮೇಲೆ ಕುಡಿದರಾಯಿತು. ಏಳೆಂಟು ಗಂಟೆಯ ಮಾತು.

ಆದರೆ ಪ್ರೇಮ್ ಸಿಂಗ್ ಪ್ರತಿ ವಿಶ್ರಾಂತಿಯಲ್ಲೂ ಬಾಟಲಿ ನೋಡುತ್ತಿದ್ದ. ತುಂಬಿದ್ದರೆ ಬೈಗುಳ. ಹಾಗಾಗಿ ಮೇಷ್ಟ್ರು ಮೂತ್ರಕ್ಕೆಂದು ಒಂದು ದೊಡ್ಡ ಬಂಡೆಯ ಹಿಂದೆ ಹೋದರು. ನಳದಲ್ಲಿ ನೀರು ಬಂತೆಂದರೆ ಬಿಂದಿಗೆ, ಬಕೆಟ್ಟು, ಚರಿಗೆ ಎಲ್ಲ ತುಂಬಿಸಿಟ್ಟುಕೊಳ್ಳುವ ಊರಿನ ಮನುಷ್ಯ. ಲೀಟರು ನೀರನ್ನು ಒಮ್ಮೆಗೇ ಚೆಲ್ಲಲಾಗದೆ ಸ್ವಲ್ಪ ಸ್ವಲ್ಪವೇ ಮಣ್ಣಿಗೆ ಸುರಿದರು. ಸುರಿದು ತಲೆ ಎತ್ತಿದರೆ, ಬಂಡೆಯ ಆ ಮಗ್ಗುಲಲ್ಲಿ ಉಸಿರು ಬಿಡುತ್ತ ಕೂತಿದ್ದ ಹಂಪೇಶ್.

ಹಂಪೇಶ್ ಒದ್ದೆ ಮಣ್ಣನ್ನೂ ಖಾಲಿ ಬಾಟಲಿಯನ್ನೂ ನೋಡಿದ.

“ಸರ್, ನೀರು...”

“ಪೂಜಿ ಆಗಿಲ್ಲ.”

“ಕುಡೀರಿ ಸರ್. ಯಾರೂ ನೋಡೂದಿಲ್ಲ. ಬೇಕಂದ್ರ ನಾ ಆ ಕಡಿ ತಿರುಗಿ ಕುಂದರ್ತೀನಿ.”

“ಬಾಯಿ ಮುಚ್ಚಲೇ. ಆ ಬಡಕಲಗ ಹೇಳಿದ್ಯಂದ್ರ ನೋಡು ಮತ್ತ.”

ಹಂಪೇಶನ ಕೈಕೆಳಗೆ ಅರವತ್ತು ಹಮಾಲರಿದ್ದಾರೆ. ವಸೂಲಿಗೆ ಬಂದ ಅಧಿಕಾರಿಗಳನ್ನು ನಿಲ್ಲಿಸಿಕೊಂಡೇ ಮಾತಾಡಿಸುವ ಗಂಡಸು ಅವನು. ಆದರೂ ಆ ಕ್ಷಣ ಅವನ ಅಂಗೈ ತಾನಾಗಿಯೇ ಮುಚ್ಚಿಕೊಂಡಿತು. ಹೇಳಬೇಕೆಂದು ಮಧ್ಯಾಹ್ನ ಒಮ್ಮೆ ಗೈಡಿನ ಹತ್ತಿರ ಹೋದ. ಅಲ್ಲಿ ಹೋಗಿ ಬಿಸ್ಕೀಟು ಇದೆಯಾ ಎಂದು ಕೇಳಿ ಬಂದ.

ಬಿಡಾರ ಮುಟ್ಟಿದಾಗ ಗಂಟೆ ಮೂರು, ಹೊರಗೆ ಆಲಿಕಲ್ಲು. ಅಡುಗೆಯವನು ಕುಡಿಯಲು ಬಿಸಿನೀರು ಎಷ್ಟಾದರೂ ಕೊಡುತ್ತೇನೆ, ಮೈಗೆ ಹಾಕಿಕೊಳ್ಳಲು ಒಂದು ಲೋಟವೂ ಇಲ್ಲ ಎಂದ. ಮೇಷ್ಟ್ರು ಕುಡಿಯುವುದಕ್ಕೇ ಎಂದು ಸುಳ್ಳು ಹೇಳಿ ಒಂದು ಲೋಟ ತಂದರು. ಡೇರೆಯೊಳಗೆ ಅಂಗಿ ಬಿಚ್ಚಿ ಸುರಿದುಕೊಂಡು, ಗಡಗಡ ನಡುಗುತ್ತ ಪೂಜೆ ಮಾಡಿದರು. ನೀರು ಬಾಯಿಗಿಟ್ಟಾಗ ನಾಲ್ಕೂವರೆ. ಇಟ್ಟದ್ದು ಐದು ನಿಮಿಷಕ್ಕೆ ವಾಂತಿಯಾಗಿ ಹೊರಗೆ ಬಂತು. ತಲೆಯೊಳಗೆ ಯಾರೋ ಭತ್ತ ಕುಟ್ಟುತ್ತಿದ್ದರು.

ಸಂಜೆ ಬೆರಳಿಗೆ ಯಂತ್ರ ಹಾಕಿದರೆ ಅರವತ್ತಾರು. ಹಂಪೇಶನದು ಎಂಬತ್ತೊಂಬತ್ತು.

“ಮಷಿನ್ ಕೆಟ್ಟೈತಿ,” ಎಂದರು ಮೇಷ್ಟ್ರು.

ಪ್ರೇಮ್ ಸಿಂಗ್ ಯಂತ್ರವನ್ನು ತನ್ನ ಬೆರಳಿಗೆ ಹಾಕಿ ತೋರಿಸಿದ. ತೊಂಬತ್ತಮೂರು. ಆ ಎದೆಯ ಸುತ್ತಳತೆಗೆ. ಮಾಸ್ಟರ್‌ಜಿ, ಇವತ್ತು ಎಷ್ಟು ನೀರು ಕುಡಿದಿರಿ ಎಂದು ಕೇಳಿದ. ಮೇಷ್ಟ್ರು ನಾಲ್ಕು ಬೆರಳು ತೋರಿಸಿದರು, ತಲೆನೋವು ಇಲ್ಲವೇ ಇಲ್ಲ ಎಂದರು. ಗೈಡು ಹಂಪೇಶನ ಕಡೆ ನೋಡಿದ. ಹಂಪೇಶ್ ತನ್ನ ಬೂಟು ನೋಡಿಕೊಂಡ.

ಬೆಳಿಗ್ಗೆ ಮತ್ತೆ ನೋಡೋಣ ಎಂದು ಮಾತ್ರೆ ಕೊಟ್ಟರು. ಬೆಳಿಗ್ಗೆ ಅರವತ್ತೊಂದು, ಬೂಟಿನ ದಾರ ಕಟ್ಟಲು ಬಾಗಿದ ಮೇಷ್ಟ್ರು ಹಾಗೇ ಮಗುಚಿದರು. ಆಗ ಹಂಪೇಶ್ ಎಲ್ಲ ಹೇಳಿದ. ಬಂಡೆ, ಬಾಟಲಿ, ಪೂಜೆ ಮೂರನ್ನೂ ತನ್ನ ಬಳ್ಳಾರಿ ಹಿಂದಿಯಲ್ಲಿ ಅಳುತ್ತ ಹೇಳಿದ. ನಿನ್ನೆಯೇ ಹೇಳಿದ್ದರೆ ಒಂದು ದಿನ ಕೆಳಗಿನ ಬಿಡಾರದಲ್ಲಿ ಮಲಗಿಸಿ, ನೀರು ಕುಡಿಸಿ, ಒಂದು ದಿನ ತಡವಾಗಿ ಸಹಾಯಕನೊಬ್ಬನ ಜೊತೆ ಹತ್ತಿಸಬಹುದಿತ್ತು ಎಂದ ಪ್ರೇಮ್ ಸಿಂಗ್. ಈಗ ಆಗುವುದಿಲ್ಲ. ಈಗ ಕೆಳಗೆ, ಪೂರ್ತಿ ಕೆಳಗೆ.

ಹೇಸರಗತ್ತೆಯ ಮೇಲೆ ಕೂರಿಸಿ ಇಳಿಸುವಾಗ ಮೇಷ್ಟ್ರು ಬಾವುಟವನ್ನು ತೆಗೆದು ಹಂಪೇಶನ ಕೈಗೆ ಕೊಟ್ಟರು, ಮುಖ ನೋಡದೆ. ಗೈಡು ಸೀಟಿಯನ್ನು ವಾಪಸು ಕೊಟ್ಟ. ಮೇಷ್ಟ್ರು ಅದನ್ನು ಕೊರಳಿಗೆ ಹಾಕಿಕೊಳ್ಳಲಿಲ್ಲ.

ಹಂಪೇಶ್ ಮರುದಿನ ಶಿಖರ ಹತ್ತಿದ. ಇದು ನ್ಯಾಯವಲ್ಲವೆಂದು ಅವನಿಗೂ ಅನ್ನಿಸಿತು. ಬಾವುಟ ಹಿಡಿದು ತೆಗೆಸಿಕೊಂಡ ಫೋಟೋದಲ್ಲಿ ಅವನ ಹೊಟ್ಟೆಯೇ ಬಾವುಟಕ್ಕಿಂತ ಚೆನ್ನಾಗಿ ಬಂದಿದೆ. ಆ ಫೋಟೋ ಈಗ ಕುರುಗೋಡಿನ ಶಾಲೆಯ ಗೋಡೆಯ ಮೇಲೆ, ಡ್ರಿಲ್ ಸಾಮಾನಿನ ಕೋಣೆಯ ಎದುರಿಗೇ ಇದೆ. ಮೇಷ್ಟ್ರು ದಿನಾ ಅದರ ಕೆಳಗೆ ಹಾಯ್ದು ಚೆಂಡು ತೆಗೆದುಕೊಂಡು ಹೋಗಬೇಕು.

ಕಂಪನಿಯಿಂದ ಅವರಿಗೂ ಒಂದು ಪ್ರಮಾಣಪತ್ರ ಬಂತು. ಭಾಗವಹಿಸಿದ್ದಾರೆ. ಹೆಸರನ್ನು ಯಂತ್ರ ಬರೆದಿತ್ತು. ಅಕ್ಷರ ಅಷ್ಟೇನೂ ದುಂಡಗಿರಲಿಲ್ಲ.

ಜೂನ್ ಒಂದು ಬಂದು ಹೋಯಿತು. ತಾಯಿ ಹೇಳಿದ ಶ್ರಾವಣ ಇನ್ನೂ ದೂರವಿತ್ತು. ಆಧಾರಿನಲ್ಲಿ ತಾರೀಖು ತಿದ್ದಿಸಲು ಏನು ಬೇಕು ಎಂದು ಮೇಷ್ಟ್ರು ಒಂದು ದಿನ ವಿಚಾರಿಸಿಕೊಂಡು ಬಂದರು. ಜನನ ಪ್ರಮಾಣಪತ್ರ ಬೇಕು, ಅದಕ್ಕೆ ಹುಟ್ಟಿದ ದಿನ ನೋಡಿದವರ ಸಾಕ್ಷಿ ಬೇಕೆಂದು ಕೌಂಟರಿನವನು ಹೇಳಿದನಂತೆ. ನೋಡಿದ್ದ ತಾಯಿ ಈಗ ಇರಲಿಲ್ಲ.

ಆ ವಾರವೇ ಕೊಟ್ರಮ್ಮ ಒತ್ತಾಯ ಮಾಡಿ ಮಠಕ್ಕೆ ಕರೆದೊಯ್ದರು. ಅಜ್ಜಾರು ಎಲ್ಲ ಕೇಳಿ ಅಂದರು: “ವಿಭೂತಿ ಇತ್ತಿಲ್ಲೋ ನಿನ್ನ ಹತ್ರ?”

“ಇತ್ರಿ ಅಜ್ಜಾರ.”

“ನೀರಿಲ್ಲದ ಕಡಿ ಹಣಿಗೆ ವಿಭೂತಿ ಹಚ್ಚಿಕೊಂಡ್ರ ಅದೇ ಸ್ನಾನ ಅಲ್ಲೇನಪ್ಪ? ನಿಮ್ಮಪ್ಪ ಜಡ್ಡಾಗಿ ಮಲಗಿದಾಗ ಎಷ್ಟು ದಿನ ಹಂಗೇ ಪೂಜಿ ಮಾಡ್ಯಾನ. ನಿನಗ ಹೇಳಿಲ್ಲೇನು?”

ಅಪ್ಪ ಯಾರಿಗೂ ಏನೂ ಹೇಳುತ್ತಿರಲಿಲ್ಲ.

ಬರುವಾಗ ಆಟೋದಲ್ಲಿ ಕೊಟ್ರಮ್ಮ ಬರೀ ತರಕಾರಿ ರೇಟಿನ ಮಾತಾಡಿದರು. ಅವರು ಬೈದಿದ್ದರೆ ಮೇಷ್ಟ್ರಿಗೆ ಸ್ವಲ್ಪ ಹಗುರಾಗುತ್ತಿತ್ತು.

ಮರುದಿನ ಬೆಳಿಗ್ಗೆ ಮೇಷ್ಟ್ರಿಗೆ ಜ್ವರ. ನೂರಾ ಎರಡು. ಕೊಟ್ರಮ್ಮ ಮಾತ್ರೆ, ಬಿಸಿನೀರು ತಂದು ಹಾಸಿಗೆಯ ಪಕ್ಕ ಇಟ್ಟು, ವಿಭೂತಿ ಗಟ್ಟಿಯನ್ನೂ ತಂದಿಟ್ಟರು.

“ಹಚ್ಚಿಕೊಂಡು ಪೂಜಿ ಮಾಡ್ರಿ. ನೀರು ಕುಡೀರಿ. ಅಜ್ಜಾರು ಹೇಳ್ಯಾರಲ್ಲ.”

ಮೇಷ್ಟ್ರು ಲೋಟದ ಕಡೆ ನೋಡಿದರು. ತುಟಿ ಒಣಗಿ ಬಿರುಕು ಬಿಟ್ಟಿತ್ತು.

“ಕುಡದ್ರ ಅವತ್ತೂ ಕುಡೀಬಹುದಿತ್ತು ಅಂದಂಗಾತಲ್ಲ,” ಎಂದರು.

ಕೊಟ್ರಮ್ಮ ಲೋಟದ ಮೇಲೆ ತಟ್ಟೆ ಮುಚ್ಚಿದರು. ಆಮೇಲೆ ಬಚ್ಚಲಿಗೆ ಹೋಗಿ, ತಣ್ಣೀರಿನ ಬಕೆಟ್ಟಿಗೆ ಒಂದು ಚೊಂಬು ಬಿಸಿನೀರು ಬೆರೆಸಿಟ್ಟು ಬಂದರು. ಮೇಷ್ಟ್ರು ಗೋಡೆ ಹಿಡಿದುಕೊಂಡು ಎದ್ದರು.