ದೀಪ ಹಚ್ಚಿದ ಮೇಲೆ ಕ್ಯಾನ್ಸಲ್ ಇಲ್ಲ

ನಮ್ಮ ಮನೆಯಲ್ಲಿ ಸಂಜೆ ದೀಪ ಹಚ್ಚಿದ ಮೇಲೆ ಅದು ತಾನಾಗಿ ಶಾಂತವಾಗುವ ತನಕ ‘ಇಲ್ಲ’, ‘ಬೇಡ’ ಅನ್ನುವ ಮಾತು ಆಡುವ ಹಾಗಿಲ್ಲ. ಅಕ್ಕಿ ಮುಗಿದಿದ್ದರೂ ‘ತುಂಬಿದೆ’ ಅನ್ನಬೇಕು. ಕಸ ಗುಡಿಸಬಾರದು, ತಲೆಬಾಗಿಲು ಹಾಕಬಾರದು, ಹಿಡಿದ ಕೆಲಸವನ್ನು ಅರ್ಧಕ್ಕೆ ಕಿತ್ತು ಹಾಕಬಾರದು. ಇದು ನಮ್ಮ ಅತ್ತೆ ತಮ್ಮ ತವರೂರು ಹರವೆಯಿಂದ ತಂದ ಕಟ್ಟಳೆ. ಅದನ್ನು ಕಂಪ್ಯೂಟರಿಗೂ ಸೇರಿಸಿದವಳು ನಾನು. ಅದರಿಂದ ಮನೆಯಲ್ಲಿ ದೊಡ್ಡ ರಾದ್ಧಾಂತವಾಯಿತು. ಆದರೂ ನಾನು ಮಾಡಿದ್ದು ಸರಿ ಎಂದೇ ಇಲ್ಲಿ ಬರೆಯುತ್ತಿದ್ದೇನೆ.

ಗುಂಡ್ಲುಪೇಟೆಯ ನಮ್ಮ ಬೀದಿಗೆ ಬ್ರಾಡ್‌ಬ್ಯಾಂಡ್ ಬಂದ ಹೊಸತು. ನಮ್ಮ ಮನೆಯವರೂ ನನ್ನ ಮೈದುನನೂ ಬೆಳಿಗ್ಗೆ ಚಾಮರಾಜನಗರದ ಬಸ್ಸು ಹತ್ತಿ ತಮ್ಮ ತಮ್ಮ ಆಫೀಸಿಗೆ ಹೋದರೆ ಬರುವುದು ಕತ್ತಲಾಗುವ ಹೊತ್ತಿಗೆ. ಇಬ್ಬರಿಗೂ ಆಟದ ಹುಚ್ಚು. ನಮ್ಮ ಮನೆಯವರದು ಕಂಪ್ಯೂಟರಿನಲ್ಲಿ ಕ್ರಿಕೆಟ್ ಆಟ. ಮೈದುನನದು ಬಂದೂಕಿನ ಆಟ. ಕೇರಳದ ಬತ್ತೇರಿಯಲ್ಲಿದ್ದ ಅವನ ಸ್ನೇಹಿತನೊಬ್ಬನ ಅಣ್ಣ ದುಬೈಯಲ್ಲಿದ್ದ. ಆ ದಾರಿಯಲ್ಲಿ ಟೀವಿಗೆ ಸಿಕ್ಕಿಸಿ ಆಡುವ ಒಂದು ಕರಿ ಡಬ್ಬಿಯೂ ನಮ್ಮ ಮನೆಗೆ ಬಂತು. ಅದಕ್ಕೂ ಅದೇ ಇಂಟರ್ನೆಟ್ ತಂತಿ.

ಒಂದೊಂದು ಆಟ ಇಂಟರ್ನೆಟ್ಟಿನಿಂದ ಇಳಿಯುವುದಕ್ಕೆ, ಅಂದರೆ ಡೌನ್‌ಲೋಡ್ ಆಗುವುದಕ್ಕೆ, ದಿನಗಟ್ಟಲೆ ಬೇಕು. ರಾತ್ರಿ ಬಿಡೋಣವೆಂದರೆ ಅತ್ತೆ ಮಲಗುವ ಮುಂಚೆ ಮೇನ್ ಸ್ವಿಚ್ಚನ್ನೇ ಆರಿಸುತ್ತಿದ್ದರು. “ನಾವ್ ಮನಿಕಂಡ್ಮೇಲೆ ಮಿಷಿನ್ಗೇನ್ ಎಚ್ಚರ?” ಅಂತ. ಹಗಲು ಬಿಡೋಣವೆಂದರೆ ಕರೆಂಟು ಯಾವಾಗ ಬೇಕಾದರೂ ಹೋಗುತ್ತದೆ. ಹಾಗಾಗಿ ಅಣ್ಣ ತಮ್ಮ ಇಬ್ಬರೂ ಚಪ್ಪಲಿ ಮೆಟ್ಟುತ್ತಾ ನನಗೆ ಹೇಳಿ ಹೋಗುವುದು ರೂಢಿಯಾಯಿತು.

“ಅತ್ಗೆ, ಕರೆಂಟ್ ಓದ್ರೆ ಬಂದ್ಮೇಲೆ ತಿರ್ಗಾ ಬುಟ್ಬುಡಿ. ನೆಟ್ನಲ್ಲಿ ಬ್ಯಾರೆ ಏನಾರ ನೋಡ್ಬೇಕಾದ್ರೆ ಒಸಿ ನಿಲ್ಸಿ ನೋಡಿ.”

ನಮ್ಮ ಮನೆಯವರು ಅಷ್ಟೂ ಬಾಯಿ ಬಿಟ್ಟು ಹೇಳರು. “ಅದೊಂದ್ ಸ್ವಲ್ಪ ನೋಡ್ಕೊ” ಅನ್ನುವರು. ‘ಅದು’ ಅಂದರೆ ಕ್ರಿಕೆಟ್ಟು ಎಂದು ನಾನೇ ತಿಳಿದುಕೊಳ್ಳಬೇಕು.

ನೋಡಿಕೊಂಡೆ. ಒಂದು ಒಲೆಯ ಮೇಲೆ ಹಾಲು, ಇನ್ನೊಂದರಲ್ಲಿ ಬೇಳೆ ಇಟ್ಟವಳಿಗೆ ಇದೇನು ಬ್ರಹ್ಮವಿದ್ಯೆಯೆ? ಕಂಪ್ಯೂಟರಿನಲ್ಲಿ ಮೌಸಿನ ಬಲಗುಂಡಿ ಒತ್ತಿದರೆ ನಿಲ್ಲಿಸು, ಮುಂದುವರಿಸು, ಕ್ಯಾನ್ಸಲ್ ಮಾಡು ಅಂತ ಬರುತ್ತದೆ. ಡಬ್ಬಿಗೆ ಎರಡು ಕೈಯಲ್ಲಿ ಹಿಡಿಯುವ ರಿಮೋಟು, ಅದರದ್ದು ಬೇರೆಯೇ ಗುಂಡಿ. ಮೊಬೈಲಿನದು ಇನ್ನೂ ಬೇರೆ. ನಮ್ಮ ಮನೆಯವರ ಮೊಬೈಲಿಗೆ ಯಾವುದೋ ಆಟದ ಸ್ಕೀಮು ಗಂಟುಬಿದ್ದು, ಕೇಳದ ಆಟಗಳನ್ನು ಇಳಿಸುತ್ತಾ ಬ್ಯಾಲೆನ್ಸ್ ನುಂಗುತ್ತಿತ್ತು. ‘ಕಂಪನಿಯವರ ಮೋಸ’ ಎಂದು ಅಣ್ಣ ತಮ್ಮ ಬೈದುಕೊಂಡು ಕೂತಿದ್ದರು. ಆ ಮೆಸೇಜುಗಳನ್ನು ಕೊನೆಯವರೆಗೂ ಓದಿ, ನಿಲ್ಲಿಸಿ ಎಂದು ವಾಪಸ್ ಮೆಸೇಜು ಕಳಿಸಿ, ಅದನ್ನು ತೊಲಗಿಸಿದವಳು ನಾನು. ಭೇಷ್ ಅಂತ ಯಾರೂ ಅನ್ನಲಿಲ್ಲ. ಪರವಾಗಿಲ್ಲ. ಸಂಜೆ ದೀಪದ ಮುಂದೆ ನಿಂತು ಮನೆದೇವರಿಗೆ, ಮಾದಪ್ಪ, ಇವತ್ತು ಕರೆಂಟು ಒಂದೇ ಸಲ ಹೋಯಿತು, ಹಾಲು ಉಕ್ಕಲಿಲ್ಲ, ಕ್ರಿಕೆಟ್ಟು ಅರ್ಧ ದಾಟಿತು, ನಿನ್ನ ದಯ ಎಂದು ಹೇಳುತ್ತಿದ್ದೆ. ಬೇರೆಯವರಿಗೆ ನಗು ಬರಬಹುದು. ಆ ದಿನ ನಡೆದದ್ದು ಅಷ್ಟೇ, ಹೇಳಿದ್ದೂ ಅಷ್ಟೇ.

ಹೀಗೆ ಊರವರ ಹಾಲೆಲ್ಲ ಕಾಯಿಸುವವಳಿಗೆ ಒಂದು ಲೋಟ ತನಗೂ ಬೇಕೆನಿಸುವುದಿಲ್ಲವೆ?

ನಮ್ಮ ಮನೆಯಿಂದ ಊಟಿ ರಸ್ತೆ ದೂರವಿಲ್ಲ. ಹಿತ್ತಲಲ್ಲಿ ಬಟ್ಟೆ ಹಿಂಡುವಾಗ ಈರುಳ್ಳಿ, ಎಲೆಕೋಸು, ಚೆಂಡುಹೂವು ತುಂಬಿಕೊಂಡು ಕೇರಳಕ್ಕೆ ಹೋಗುವ ಲಾರಿಗಳು ಗೇರು ಬದಲಿಸುವ ಸದ್ದು ಕೇಳುತ್ತಿತ್ತು. ನಾನು ಬಸ್ಸಿನಲ್ಲಿ ಡ್ರೈವರಿನ ಪಕ್ಕದ ಸೀಟಿನಲ್ಲೂ ಕೂತವಳಲ್ಲ. ಒಂದು ದಿನ ಮೈದುನನ ಆಟಗಳ ಪಟ್ಟಿ ನೋಡುತ್ತಿದ್ದಾಗ ಲಾರಿ ಓಡಿಸುವ ಆಟವೊಂದು ಕಂಡಿತು. ಚಿತ್ರದಲ್ಲಿ ದೊಡ್ಡ ಲಾರಿ, ಎದುರಿಗೆ ಉದ್ದಕ್ಕೆ ರಸ್ತೆ. ಪೂರ್ತಿ ಆಟ, ಕಾಸು ಕೊಡಬೇಕಾಗಿಲ್ಲ.

“ಇದು ನಂಗೆ ಬೇಕು ಕಣಪ್ಪ” ಅಂದೆ.

ಮೈದುನ ನಕ್ಕ. “ಲಾರಿನಾ? ಅತ್ಗೆ, ಅಡ್ಗೆ ಮಾಡೋ ಆಟ ಅದೆ, ಹೆಂಗಸರೆಲ್ಲ ಆಡ್ತರೆ. ಅದ ಹಾಕ್ಕೊಡ್ಲಾ?”

“ಒಲೆ ಮುಂದೆ ಬೆಳಿಗ್ಗಿಂದ ನಿಂತಿರೋದು ಸಾಲ್ದು ಅಂತಲಾ? ನೀನು ಆಫೀಸಿಂದ ಬಂದು ಫೈಲ್ ನೋಡೋ ಆಟ ಆಡ್ತಿಯಾ?”

ಒಳಗಿಂದ ಅತ್ತೆಯ ದನಿ ಬಂತು. “ಲಾರಿ ಓಡ್ಸಿ ಎಲ್ಗೋಗೀಯೆ ಅಮ್ಮಿ? ಮೊದ್ಲು ಮುದ್ದೆಗೆ ಎಸ್ರಿಡು.”

ಎಸರಿಟ್ಟೆ. ಲಾರಿಯನ್ನೂ ಇಳಿಯಲು ಬಿಟ್ಟೆ.

ಬಹಳ ದೊಡ್ಡ ಆಟ ಅದು. ಅವರಿಬ್ಬರ ಆಟ ಇಳಿಯದ ಹೊತ್ತು ನೋಡಿ, ಸಂದಿಯಲ್ಲಿ ಒಂದಿಷ್ಟು ಒಂದಿಷ್ಟು ಇಳಿಸುತ್ತಾ ಬಂದೆ. ಪೂಜೆ ಮುಗಿಸಿ ಒಮ್ಮೆ ನೋಡುವುದು, ಬೇಳೆ ಬೇಯುವಾಗ ಒಮ್ಮೆ ನೋಡುವುದು. ತೆರೆಯ ಮೇಲಿನ ಹಸಿರು ಪಟ್ಟಿ ಅರ್ಧ ದಾಟಿತು, ಮುಕ್ಕಾಲು ದಾಟಿತು. ಇನ್ನು ಬೆರಳಷ್ಟು ಉಳಿದಿತ್ತು.

ತಿಂಗಳ ಕೊನೆ. ನಮ್ಮ ಇಂಟರ್ನೆಟ್ಟಿಗೆ ತಿಂಗಳಿಗೆ ಇಷ್ಟೇ ಇಳಿಸಬೇಕು ಎಂಬ ಮಿತಿಯಿತ್ತು. ದಾಟಿದರೆ ಬಿಲ್ಲು ಏರುತ್ತದೆ. ಆ ಸಂಜೆ ನಾನು ಕೈಕಾಲು ತೊಳೆದು, ವಿಭೂತಿ ಇಟ್ಟುಕೊಂಡು, ಆಗತಾನೆ ದೀಪ ಹಚ್ಚಿ ಕೈಮುಗಿದಿದ್ದೆ. ಫೋನು ಬಂತು. ಚಾಮರಾಜನಗರದ ಬಸ್ ಸ್ಟ್ಯಾಂಡಿನಿಂದ ಮೈದುನ.

“ಅತ್ಗೆ, ನಂದೊಂದು ಹೊಸಾ ಆಟ ಇಳಿಸ್ಬೇಕು, ಭಾನ್ವಾರ ಫ್ರೆಂಡ್ಸ್ ಬತ್ತರೆ. ಲಿಮಿಟ್ ಉಳ್ದಿರೋದೇ ಚೂರು. ಡಬ್ಬಿಲಿ ಹಳೇದೊಂದು ಇಳೀತಾ ಅದೆ, ಅದ ಕ್ಯಾನ್ಸಲ್ ಮಾಡ್ಬುಡಿ. ಹಂಗೇ ನಿಮ್ ಲಾರಿನೂವೆ.”

“ನಾಳೆ ನೋಡೋಣ. ದೀಪ ಹಚ್ಚಿವ್ನಿ.”

“ದೀಪಕ್ಕೂ ಇದಕ್ಕೂ ಏನ್ ಸಂಬಂಧ ಅತ್ಗೆ?”

“ಅರ್ಧ ಆಗಿರೋದ್ನ ದೀಪದ ಮುಂದೆ ಕಿತ್ತಾಕ್ಬಾರ್ದು ಕಣಪ್ಪ. ಬೆಳಿಗ್ಗೆ ನೀನೇ ಎದ್ದು ಏನ್ ಬೇಕೋ ಮಾಡ್ಕೊ.”

“ಆಯ್ತು ಬುಡಿ, ನಿಲ್ಸಾದ್ರೂ ನಿಲ್ಸಿ” ಎಂದ. ಬಸ್ಸು ಹೊರಟಿತೇನೋ, ಫೋನಿಟ್ಟ.

ನಿಲ್ಲಿಸಿದೆ. ಲಾರಿಯನ್ನೂ ನಿಲ್ಲಿಸಿದೆ, ಡಬ್ಬಿಯದನ್ನೂ ನಿಲ್ಲಿಸಿದೆ. ನಿಲ್ಲಿಸಿ ಎಂದು ಅವನೇ ಬಾಯಾರೆ ಹೇಳಿದ್ದು, ಇದು ನೆನಪಿರಲಿ. ರಾತ್ರಿ ಬಂದವನು ಉಂಡು ಮಲಗಿದ. ಅತ್ತೆ ಎಂದಿನಂತೆ ಮೇನ್ ಆರಿಸಿದರು. ಬೆಳಿಗ್ಗೆ ಎದ್ದವನು ಬಸ್ಸಿಗೆ ಹೊತ್ತಾಯಿತೆಂದು ಓಡಿದ. ಆ ಡಬ್ಬಿಯ ಗುಣ ಏನಪ್ಪಾ ಅಂದರೆ, ಮೇನ್ ಆರಿಸಿ ಮತ್ತೆ ಹಾಕಿದರೆ ನಿಲ್ಲಿಸಿದ್ದೂ ತಾನಾಗಿ ಶುರುವಾಗುತ್ತದೆ. ಅದು ಅದರ ಯಜಮಾನನಿಗೇ ಗೊತ್ತಿರಲಿಲ್ಲ. ಅವತ್ತು ಅಮಾವಾಸ್ಯೆ. ಅಡುಗೆ ಮುಗಿಸಿ ಅತ್ತೆಯೂ ನಾನೂ ಮಾದಪ್ಪನ ಗುಡಿಗೆ ಹೋಗಿ, ಪ್ರಸಾದ ಉಂಡು ಸಾವಕಾಶವಾಗಿ ಬಂದೆವು. ಅಷ್ಟು ಹೊತ್ತೂ ಅದು ಮೂಲೆಯಲ್ಲಿ ಕೂತು ಗುಟುಕು ಗುಟುಕಾಗಿ ಕುಡಿಯುತ್ತಲೇ ಇತ್ತು. ಅದೃಷ್ಟಕ್ಕೆ ಅವತ್ತು ಕರೆಂಟೂ ಹೋಗಲಿಲ್ಲ. ದಿನಾ ಕರೆಂಟಿಗಾಗಿ ಕೈಮುಗಿಯುವವಳಿಗೆ ದೇವರು ಅವತ್ತೇ ಕೈತುಂಬ ಕೊಟ್ಟಿದ್ದ.

ಮಿತಿ ದಾಟಿ ಏರಿದ ಬಿಲ್ಲು ಬಂದ ದಿನ ನಮ್ಮ ಮನೆಯವರು ಅದನ್ನು ಊಟದ ತಟ್ಟೆಯ ಪಕ್ಕ ಇಟ್ಟುಕೊಂಡು ಕೂತರು. ಮಾತೆಲ್ಲ ಮೈದುನನದು.

“ಕ್ಯಾನ್ಸಲ್ ಮಾಡಿ ಅಂತ ಎಷ್ಟ್ ಸುಲಭವಾಗಿ ಏಳಿದ್ನಲ್ಲ ಅಣ್ಣ! ದೀಪ ಅಂತೆ, ಶಾಸ್ತ್ರ ಅಂತೆ. ಕಂಪ್ಯೂಟ್ರಿಗೆ ಅರಿಸಿನ ಕುಂಕುಮ ಒಂದ್ ಇಟ್ಟಿಲ್ಲ.”

“ಆಯುಧ ಪೂಜೆಲಿ ಇಟ್ಟಿದ್ದೆ. ನೀನೇ ಒರೆಸ್ಬುಟ್ಟೆ” ಅಂದೆ. “ನಿಲ್ಸು ಅಂದೆ, ನಿಲ್ಸಿದೆ. ಡಬ್ಬಿ ತಾನೇ ಎದ್ದು ಕೂತ್ರೆ ನಾನ್ ಹೊಣೆಯಾ? ಅದ ತಂದೋನು ನೀನು.”

“ದೀಪ ನೋಡ್ಕಂಡು ಕೂತಿದ್ರೆ ಲೋಕ ನಡಿಯಕ್ಕಿಲ್ಲ ಅತ್ಗೆ!”

ಅಲ್ಲಿಯವರೆಗೆ ಎಲೆ ಅಡಿಕೆ ಕುಟ್ಟುತ್ತಿದ್ದ ಅತ್ತೆ ಕುಟ್ಟಾಣಿಯನ್ನು ನೆಲಕ್ಕೆ ಕುಕ್ಕಿದರು. “ಲೇ, ನಿಮ್ಮಾಟ ನಿಮ್ಮಾಟನೇ ಇರ್ಲಿ. ನನ್ ದೀಪದ ಸುದ್ದಿ ಎತ್ತಿದ್ರೆ ಸರಿ ಇರಕ್ಕಿಲ್ಲ ಕಣ್ಲಾ. ನೀನ್ ಉಟ್ಟಿದ್ದೂ ಆ ದೀಪ ಹಚ್ಚಿದ್ ಒತ್ನಲ್ಲೇ. ಬ್ಯಾಡ ಅಂದಿದ್ನಾ?”

ನಮ್ಮ ಮನೆಯವರಿಗೆ ಅನ್ನ ನೆತ್ತಿಗೇರಿತು. ನಗುವೋ ಕೆಮ್ಮೋ ತಿಳಿಯಲಿಲ್ಲ.

ಮೈದುನ ಸೋತವನಂತೆ ಎದ್ದು ಹೋದ. ಮಾರನೆಯ ಬೆಳಿಗ್ಗೆ ನೋಡುತ್ತೇನೆ, ಕಂಪ್ಯೂಟರ್ ಪಾಸ್‌ವರ್ಡ್ ಕೇಳುತ್ತಿದೆ. ಕೇಳಿದರೆ, “ಒಂದಷ್ಟ್ ದಿನ ಮುಟ್ಬೇಡಿ ಅತ್ಗೆ. ಆ ಲಾರೀನ ಅಳಿಸಾಕಿವ್ನಿ” ಅಂದ. ಬೆರಳಷ್ಟು ಉಳಿದಿದ್ದ ಲಾರಿ! ಡಬ್ಬಿಯಲ್ಲಿ ಇಳಿದ ಅವನ ಹಳೇ ಆಟವನ್ನು ಮಾತ್ರ ಅಳಿಸಿರಲಿಲ್ಲ. ನನ್ನದನ್ನು, ಬೆಳಗಿನ ಹೊತ್ತು, ದೀಪವೂ ಇಲ್ಲದಾಗ, ಒಂದು ಮಾತೂ ಕೇಳದೆ ಅಳಿಸಿದ್ದ.

ನಾನು ಕಣ್ಣೀರಿಟ್ಟೆನಾ? ಅಳಲಿಲ್ಲ. ಅವನ ಮುಂದೆಯೇ ಹೇಳಿದೆ: “ಸರಿ ಕಣಪ್ಪ. ಬೀಗ ಹಾಕ್ದೋನೇ ಬಾಗ್ಲೂ ಕಾಯಿ. ಇವತ್ತಿಂದ ನಿಮ್ ನಿಮ್ ಹಾಲು ನೀವ್ ನೀವೇ ಕಾಯಿಸ್ಕೊಳ್ಳಿ.”

ಅವನಿಗೆ ಅರ್ಥವಾದದ್ದು ಆಮೇಲೆ. ಬೆಳಿಗ್ಗೆ ಆಟ ಇಳಿಯಲು ಬಿಟ್ಟು ಹೋಗುವನು. ಅವನ ಬಸ್ಸು ದಾರಿಯಲ್ಲಿನ ತೆರಕಣಾಂಬಿ ಊರು ದಾಟುವಷ್ಟರಲ್ಲಿ ಇಲ್ಲಿ ಕರೆಂಟು ಹೋಗಿರುತ್ತಿತ್ತು. ಕರೆಂಟು ಬರುವುದು, ಕಂಪ್ಯೂಟರ್ ಪಾಸ್‌ವರ್ಡ್ ಕೇಳಿಕೊಂಡು ಬೆಪ್ಪಾಗಿ ಕೂರುವುದು. ನಾನು ಅದರ ಮುಂದೆಯೇ ಕೂತು ಅವರೆಕಾಯಿ ಸುಲಿಯುತ್ತಿದ್ದೆ. ಸಂಜೆ ಬಂದು ನೋಡಿದರೆ ಆಟ ಇಟ್ಟಲ್ಲೇ ಇರುವುದು. ಅವನು ದುಮುಗುಡುವನು. ನಾನು ಬಡಿಸುವೆನು. ಡಬ್ಬಿಯ ಮೇಲಂತೂ ಅವನಿಗೆ ನಂಬಿಕೆಯೇ ಹೋಗಿ, ಹೊರಡುವಾಗ ಪ್ಲಗ್ಗು ಕಿತ್ತಿಟ್ಟು ಹೋಗುತ್ತಿದ್ದ. ಬಾಯಿ ಬಿಡದ ನಮ್ಮ ಮನೆಯವರ ಕ್ರಿಕೆಟ್ಟಿಗೂ ‘ಪ್ಯಾಚ್’ ಅನ್ನುವ ಏನೋ ತೇಪೆ ಇಳಿಸಬೇಕಾಗಿತ್ತಂತೆ, ಅದಿಲ್ಲದೆ ಆಟ ನಡುವೆ ನಿಂತುಬಿಡುತ್ತಿತ್ತು. ಒಂದು ದಿನ ಕಾಫಿ ಕುಡಿಯುತ್ತಾ ನಿಧಾನಕ್ಕೆ ಬಾಯಿ ಬಿಟ್ಟರು.

“ಅದೊಂದ್ ಸ್ವಲ್ಪ...”

“ಯಾವುದು?” ಅಂದೆ.

“ಅದೇ.”

“ಹೆಸರು ಹೇಳಿ.”

“ಕ್ರಿಕೆಟ್ಟು” ಅಂದರು. ಇಷ್ಟು ವರ್ಷದಲ್ಲಿ ಅವರು ಬಾಯಿ ಬಿಟ್ಟು ಏನಾದರೂ ಕೇಳಿದ್ದು ಅಪರೂಪ. ಮನಸ್ಸು ಕರಗಿತು, ಸುಳ್ಳು ಯಾಕೆ ಹೇಳಲಿ. ಆದರೂ, “ನಂಗೆ ಬೀಗ ಹಾಕವ್ರೆ. ತಮ್ಮನ್ನ ಕೇಳಿ” ಎಂದು ಲೋಟ ಎತ್ತಿಕೊಂಡು ಹೋದೆ.

ಆ ಭಾನುವಾರ ಮೈದುನ ಅಡುಗೆಮನೆಯ ಬಾಗಿಲಿಗೆ ಬಂದು ನಿಂತ. ಸುಮ್ಮನೆ ಮೆಣಸಿನಕಾಯಿ ತೊಟ್ಟು ಮುರಿಯುತ್ತಾ ನಿಂತವನು, “ಅತ್ಗೆ, ಪಾಸ್‌ವರ್ಡ್ ಏಳ್ತೀನಿ, ಬರ್ಕೊಳ್ಳಿ” ಅಂದ.

“ನಂಗೆ ಬೇಡ. ನಿನ್ ಬೀಗದ ಕೈ ನಾನ್ಯಾಕೆ ಸೊಂಟಕ್ಕೆ ಸಿಕ್ಕಿಸ್ಕೊಂಡು ಓಡಾಡ್ಲಿ? ಬೀಗನೇ ತೆಗಿ.”

“ತೆಗಿತೀನಿ ಬುಡಿ.”

“ಅಳಿಸಿದ್ದನ್ನ ನಿನ್ ಕೈಯಾರ ತಿರ್ಗಾ ಹಾಕು. ಅದು ಪೂರ್ತಿ ಇಳಿಯೋ ತನಕ ನಿಂದು ಆಮೇಲೆ, ನಿಮ್ಮಣ್ಣಂದೂ ಆಮೇಲೆ.”

“ಲಾರಿ ಭಾಳ ದೊಡ್ಡದು ಅತ್ಗೆ! ಈ ತಿಂಗ್ಳ ಲಿಮಿಟ್ಟೆಲ್ಲ ಅದಕ್ಕೇ ಓಯ್ತದೆ.”

“ಹೋಗ್ಲಿ. ಹೋದ ತಿಂಗಳದ್ದು ನಿನ್ ಡಬ್ಬಿಗೆ ಹೋಯ್ತಲ್ಲ.”

ಹಜಾರದಿಂದ ಅತ್ತೆ, “ಕೊಟ್ಬುಡ್ಲಾ ಅತ್ಲಾಗಿ, ಮುದ್ದೆ ತಳ ಹತ್ಕತದೆ” ಅಂದರು. ಅದು ನನ್ನ ಪರವಾಗಿ ಆಡಿದ್ದೋ ಮುದ್ದೆಯ ಪರವಾಗಿ ಆಡಿದ್ದೋ, ಎರಡೂ ನನಗೆ ಒಳ್ಳೆಯದೇ.

ಬೀಗ ತೆಗೆದ. ಲಾರಿ ಸೊನ್ನೆಯಿಂದ ಶುರುವಾಯಿತು. ಈ ಸಲ ಸಂದಿಯಲ್ಲಿ ಇಳಿಸಲಿಲ್ಲ. ಪಟ್ಟಿಯ ತಲೆಯ ಮೇಲೆ ಕೂರಿಸಿ, ಕರೆಂಟು ಹೋದಾಗ ಮತ್ತೆ ಬಿಟ್ಟು, ದಿನವೂ ಬೆಳಗಿಂದ ಸಂಜೆವರೆಗೆ ಇಳಿಸಿದೆ. ಪಟ್ಟಿ ಬೆರಳಷ್ಟು ಉಳಿದಾಗ ಒಲೆ ಆರಿಸಿ ಬಂದು ಅದರ ಮುಂದೆಯೇ ಕಾವಲು ಕೂತೆ. ಆದರೆ ಮೌಸಿನ ಹತ್ತಿರ ಯಾರೂ ಸುಳಿಯಲಿಲ್ಲ. ಹಸಿರು ತುಂಬಿತು. ಮಾದಪ್ಪ, ನಿನ್ನ ಪಾಲು ನಿನಗೆ, ನನ್ನ ಪಾಲು ನನಗೆ ಎಂದು ಒಂದು ತೆಂಗಿನಕಾಯಿ ಒಡೆದೆ.

ಮೊದಲ ದಿನ ಲಾರಿ ಚರಂಡಿಗೆ ಬಿತ್ತು. ಎರಡನೆಯ ದಿನ ಎದುರು ಬಂದ ಕಾರಿಗೆ ಗುದ್ದಿದೆ. ಅತ್ತೆ ಬಂದು ಪಕ್ಕದ ಕುರ್ಚಿಯಲ್ಲಿ ಕೂತು, “ಅಮ್ಮಿ, ಆರನ್ ಹೊಡಿ, ಆರನ್! ಬ್ರೇಕ್ ಎಲ್ಲಿ ಮಡಗವ್ರೆ ಇದ್ಕೆ?” ಎಂದು ನನ್ನ ತೋಳು ಹಿಡಿದುಕೊಂಡರು. ಬರಬರುತ್ತಾ ಕೈ ಕುದುರಿತು. ಅಡುಗೆ ಮುಗಿಸಿ, ಸೆರಗಿಗೆ ಕೈ ಒರೆಸಿಕೊಂಡು, ಯಾವುದೋ ದೇಶದ ಊರಿಂದ ಊರಿಗೆ ಮರದ ದಿಮ್ಮಿ ಸಾಗಿಸುತ್ತಿದ್ದೆ.

ಒಂದು ಸಂಜೆ ದೀಪ ಹಚ್ಚಿ ಬಂದು ಲಾರಿ ಹತ್ತಿದ್ದೆ. ಘಾಟಿ ರಸ್ತೆ. ಫೋನು ಬಂತು. ಅತ್ತೆ ಎತ್ತಿ, ನನ್ನ ಕಿವಿಗೆ ಹಿಡಿದರು.

“ಅತ್ಗೆ, ಡಬ್ಬಿಲಿ ಒಂದ್ ಆಟ...” ಎಂದ ಮೈದುನ ತಾನಾಗಿಯೇ ತಡೆದ. “ದೀಪ ಹಚ್ಚಿದ್ದೀರಾ?”

“ಹಚ್ಚಾಯ್ತು.”

“ಸರಿ ಬುಡಿ, ನಾನೇ ಬಂದು ನೋಡ್ಕತೀನಿ.”

“ಹಂಗೇ ಮಾಡಪ್ಪ” ಅಂದೆ. “ತಿರುವು ಬಂತು, ಫೋನಿಡು.”