ಮಾತೆಯ ಪರದೆ ಸರಿಸುತ್ತಿದ್ದ ನತ್ಸರೇನಾ

ನತ್ಸರೇನಾ ಹೋದಳು. ಅವಳ ಬಗ್ಗೆ ಬರೆಯಬೇಕೆಂದರೆ ನಮ್ಮ ಮೊಂತೆಫ್ರಾಲೊ ಊರಿನ ಇಗರ್ಜಿಯ ಚಿತ್ರದಿಂದಲೇ ಶುರುಮಾಡಬೇಕು. ಅವಳ ಬದುಕೆಲ್ಲ ಕಳೆದದ್ದು ಅದರ ಮುಂದೆ.

ಐನೂರು ವರ್ಷಗಳ ಹಿಂದೆ, ಪ್ಲೇಗು ಬಂದುಹೋದ ಮೇಲೆ, ಬದುಕುಳಿದ ಉಣ್ಣೆ ನೇಯುವವರು ಬಲಿಪೀಠಕ್ಕೆಂದು ಮರದ ಹಲಗೆಯ ಮೇಲೆ ಬರೆಸಿದ ಚಿತ್ರ ಅದು. ಬರೆದವನು ಯಾರೋ ಗೊತ್ತಿಲ್ಲ. ಅಕ್ಕಪಕ್ಕದ ಸಂತರ ಹಲಗೆಗಳನ್ನು ಯಾವುದೋ ಕಾಲದ ಸೈನಿಕರು ಕಿತ್ತೊಯ್ದರು. ನಡುವಿನ ಮಾತೆ ಮರಿಯ ಮಾತ್ರ ಉಳಿದಳು. ಮಹಾಯುದ್ಧದಲ್ಲಿ ಅವಳನ್ನು ಗೋಧಿಯ ಕಣಜದಲ್ಲಿ ಹುಗಿದಿಟ್ಟು ಕಾಪಾಡಿದವನು ನತ್ಸರೇನಾಳ ಅಪ್ಪ.

ಚಿತ್ರಕ್ಕೊಂದು ನೀಲಿ ಪರದೆಯಿತ್ತು. ಊರಲ್ಲಿ ಯಾರಾದರೂ ಸಾಯುವ ಸ್ಥಿತಿಗೆ ಬಂದರೆ ಮನೆಯವರು ನತ್ಸರೇನಾಳ ಬಾಗಿಲು ಬಡಿಯುತ್ತಿದ್ದರು. ಅವಳು ಇಗರ್ಜಿಗೆ ಹೋಗಿ ಪರದೆ ಸರಿಸುತ್ತಿದ್ದಳು. ಮಾತೆ ನೋಡುತ್ತಿರುವಾಗಲೇ ಜೀವ ಹೋಗಬೇಕು, ಅದು ನಮ್ಮಲ್ಲಿಯ ಪದ್ಧತಿ. ಜಿಪುಣ ಬಾಲ್ದೊ ಈಗಲೋ ಆಗಲೋ ಎನ್ನುತ್ತ ಇಡೀ ಚಳಿಗಾಲ ಎಳೆದು, ಪರದೆ ತೆಗೆದೇ ಇದ್ದಾಗ ಅವನ ಹಾಸಿಗೆಯ ಪಕ್ಕ ನಿಂತು ಅಂದಿದ್ದಳು: "ಬೇಗ ಏನಾದರೊಂದು ತೀರ್ಮಾನ ಮಾಡಪ್ಪ. ಅಲ್ಲಿ ಮಾತೆಗೆ ಧೂಳು ಹಿಡೀತಾ ಇದೆ." ಬಾಲ್ದೊ ನಕ್ಕು, ಕೆಮ್ಮಿ, ಎದ್ದು ಕೂತು ಸಾರು ಕೇಳಿದ. ಆಮೇಲೂ ಕೆಲವು ವರ್ಷ ಬದುಕಿದ್ದ.

ಭೂಕಂಪದಲ್ಲಿ ಇಗರ್ಜಿಯ ಚಾವಣಿ ಕುಸಿಯಿತು. ಚಿತ್ರವನ್ನು ನಗರದ ಉಗ್ರಾಣಕ್ಕೆ ಸಾಗಿಸಿದರು, ನಮ್ಮನ್ನು ಮರದ ತಾತ್ಕಾಲಿಕ ಮನೆಗಳಿಗೆ. ಅಲ್ಲೇ ನತ್ಸರೇನಾ ಹಾಸಿಗೆ ಹಿಡಿದಳು. ಪಕ್ಕದ ಮನೆಯವಳಾದ ನಾನೇ ಅವಳ ಆರೈಕೆ ಮಾಡುತ್ತಿದ್ದೆ.

"ಊರಿಗೆಲ್ಲ ನಾನು ಪರದೆ ತೆಗೆದೆ. ನನಗೆ ಯಾರು ತೆಗೀತಾರೆ ಕಣೇ?" ಎಂದಳು ಒಂದು ದಿನ. "ನೀನೇ ಹೋಗಿ ಕೇಳು. ಮಾತೆ ಉಗ್ರಾಣದಲ್ಲೇ ಇರಲಿ, ಮುಖದ ಮೇಲಿರೋದನ್ನ ಒಂದಿಷ್ಟು ಹೊತ್ತು ತೆಗೆದರೆ ಸಾಕು."

ಬಸ್ಸು ಹಿಡಿದು ಹೋದೆ. ಚಿತ್ರ ರಿಪೇರಿ ಮಾಡುವ ಹುಡುಗಿ ನನ್ನನ್ನು ಕೂರಿಸಿ ಮೆಲ್ಲಗೆ ಹೇಳಿದಳು: "ಬಣ್ಣ ಹಲಗೆ ಬಿಟ್ಟು ಎದ್ದುಬಿಟ್ಟಿದೆ ಅಮ್ಮಾ. ಉದುರದ ಹಾಗೆ ತೆಳು ಕಾಗದ ಅಂಟಿಸಿದೀವಿ. ಈಗ ಎಳೆದರೆ ಮಾತೆಯ ಕಣ್ಣೇ ಕಾಗದದ ಜೊತೆ ಬಂದುಬಿಡುತ್ತೆ."

ಬಂದು ಇದ್ದದ್ದನ್ನು ಇದ್ದ ಹಾಗೆ ಹೇಳಿದೆ. ಪಾದ್ರಿ ದೊನ್ ಸೆತ್ತಿಮಿಯೊ ಅಲ್ಲೇ ಇದ್ದರು. "ಬಿಷಪ್ಪರಿಂದ ಹೇಳಿಸ್ತೀನಿ ನತ್ಸರೇನಾ. ಅವರು ಹೇಳಿದರೆ ತೆಗೀಲೇಬೇಕು," ಎಂದರು.

ಅವಳಿಗೆ ಆಸೆಯಿತ್ತು, ನನಗೆ ಕಾಣುತ್ತಿತ್ತು.

"ಬೇಡ ಸ್ವಾಮಿ. ನನ್ನೊಬ್ಬಳನ್ನ ನೋಡೋಕೆ ಹೋಗಿ ಮಾತೆ ಕಣ್ಣು ಕಳಕೊಂಡರೆ ಮುಂದೆ ಸಾಯೋರ ಗತಿ ಏನು?"

ಪಾದ್ರಿಗಳು ಹೋದ ಮೇಲೆ ಗೋಡೆಗೆ ತಿರುಗಿ ಅತ್ತಳು. ಆಮೇಲೆ ನನ್ನನ್ನು ಕರೆದು, "ಕುರ್ಚಿ ಈ ಕಡೆ ಹಾಕ್ಕೋ. ನೀನೇ ನನ್ನನ್ನ ನೋಡ್ತಾ ಇರು," ಎಂದಳು.

ಭಾನುವಾರ ಬೆಳಿಗ್ಗೆ ಉಸಿರು ಬಿಟ್ಟು ಬಿಟ್ಟು ಬರತೊಡಗಿತು. ನಾನು ಎದುರಿಗೇ ಕೂತಿದ್ದೆ. ಸಾಯುವ ಮುಖವನ್ನು ನೋಡುತ್ತಲೇ ಇರುವುದು ಎಷ್ಟು ಕಷ್ಟ ಎಂದು ನನಗೆ ಗೊತ್ತಿರಲಿಲ್ಲ.

"ಅಳಬೇಡ್ವೇ, ಪೆದ್ದಿ," ಎಂದಳು. "ಕಣ್ಣು ತುಂಬಿದರೆ ನಿನಗೆ ನಾನು ಕಾಣಲ್ಲ."

ಒರೆಸಿಕೊಂಡೆ. ನೋಡಿದೆ. ಕೊನೆಯವರೆಗೂ ನೋಡಿದೆ.